ಹನ್ನೆರಡು ನಿಮಿಷದ ಸಿಗರೇಟು

ನಾನು ಸಿಗರೇಟು ಬಿಟ್ಟು ಬಹಳ ವರ್ಷಗಳಾದವು. ಬೆಂಕಿಪೊಟ್ಟಣ ಬಿಡಲು ಮಾತ್ರ ಆಗಿಲ್ಲ. ಇವತ್ತಿಗೂ ಅಂಗಿ ತೊಟ್ಟ ಮೇಲೆ ಎಡಗೈ ತಾನಾಗಿ ಜೇಬು ತಟ್ಟಿ ನೋಡುತ್ತದೆ. ಒಳಗೆ ಕಡ್ಡಿಗಳು ಅಲುಗಿದ ಸದ್ದು ಕೇಳಿದರೆ ಮಾತ್ರ ಹೊಸಿಲು ದಾಟುವ ಧೈರ್ಯ. ಯಾಕೆ ಎಂದು ಕೇಳಿದವರಿಗೆ, ಕರೆಂಟು ಹೋದರೆ ಬೇಕಾಗುತ್ತದೆ ಎನ್ನುತ್ತೇನೆ. ನನ್ನ ಹೆಂಡತಿ ಇದನ್ನು ಒಂದು ದಿನವೂ ನಂಬಿಲ್ಲ. ನಾನು ಬೆಳಗಿನ ವಾಕಿಂಗ್ ಮುಗಿಸಿ ಬಂದಾಗ ಏನೋ ಕೇಳುವವಳಂತೆ ಹತ್ತಿರ ಬರುತ್ತಾಳೆ. ಪ್ರಶ್ನೆಗಿಂತ ಮೊದಲು ಮೂಗು ಬರುತ್ತದೆ.

"ಕರೆಂಟು ಕರೆಂಟು ಅಂತೀರಲ್ಲ, ಮನೇಗೆ ಯುಪಿಎಸ್ ಹಾಕ್ಸಿ ಎಷ್ಟು ವರ್ಷ ಆಯ್ತು?" ಎಂದು ಒಮ್ಮೆ ಕೇಳಿದಳು. ನ್ಯಾಯವಾದ ಪ್ರಶ್ನೆ. ನಾನು ಪೇಪರಿನಲ್ಲಿ ಮುಖ ಹುದುಗಿಸಿದೆ.

ನಿಮಗೆ ಸಿಗರೇಟು ಹೇಗೆ ಅಂಟಿಕೊಂಡಿತು ಎಂದು ಕೇಳಿದವರಿಗೆಲ್ಲ ನಾನು ಒಂದೇ ಉತ್ತರ ಹೇಳುತ್ತಾ ಬಂದಿದ್ದೇನೆ: ಸಿಗರೇಟು ಸೇದಬೇಡಿ ಎನ್ನುವ ಒಂದು ಸಿನಿಮಾದಿಂದ. ಜನ ನಗುತ್ತಾರೆ. ಅವರು ನಕ್ಕಾಗ ನನಗೆ ಸಂತೋಷವಾಗುತ್ತದೆ. ಹೇಳುವವನಿಗೆ ಸಂತೋಷ ಕೊಡುವ ಕಥೆಯಲ್ಲಿ ಎಲ್ಲೋ ಒಂದು ಕಡೆ ಸುಳ್ಳು ಸೇರಿಕೊಂಡಿರುತ್ತದೆ ಎಂಬುದು ನನ್ನ ಅನುಭವ. ಹಾಗಾಗಿ ನೀವೂ ಸ್ವಲ್ಪ ಅನುಮಾನ ಇಟ್ಟುಕೊಂಡೇ ಓದುವುದು ಒಳ್ಳೆಯದು.

ಎಪ್ಪತ್ತರ ದಶಕದ ನಡುಭಾಗ. ನಾನು ಮೈಸೂರಿನಲ್ಲಿ ತತ್ವಶಾಸ್ತ್ರದ ಎಂ.ಎ. ಮುಗಿಸಿಕೊಂಡು ಮದ್ದೂರಿನ ಮನೆಗೆ ಬಂದು ಕೂತಿದ್ದೆ. ಕೂತಿದ್ದೆ ಎಂಬುದು ಮರ್ಯಾದೆಯ ಮಾತು. ನಿಜವಾಗಿ ಕೂರಲು ಆಗದೆ ಪಡಸಾಲೆಯಿಂದ ಹಿತ್ತಿಲಿಗೆ, ಹಿತ್ತಿಲಿನಿಂದ ಬಸ್‌ಸ್ಟ್ಯಾಂಡಿಗೆ ತಿರುಗುತ್ತಿದ್ದೆ. ಕೆಲಸವಿರಲಿಲ್ಲ. ಅಪ್ಪ ಯಲಿಯೂರಿನ ಸ್ಕೂಲಿನಲ್ಲಿ ಹೆಡ್‌ಮೇಷ್ಟ್ರು. ಬೆಳಿಗ್ಗೆ ಪ್ಯಾಸೆಂಜರ್ ರೈಲು ಹತ್ತಿ ಮಂಡ್ಯ ದಾಟಿ ಅಲ್ಲಿ ಇಳಿಯುತ್ತಿದ್ದರು, ಸಂಜೆ ಅದೇ ದಾರಿಯಲ್ಲಿ ವಾಪಸ್. ಯಲಿಯೂರು ನಮ್ಮ ಮೂಲದ ಊರು ಕೂಡ. ನಾಲೆಯ ಬದಿಯಲ್ಲಿ ನಮ್ಮದೊಂದು ಗದ್ದೆಯಿತ್ತು. ಅವ್ವ ತೀರಿಕೊಂಡು ನಾಲ್ಕು ವರ್ಷವಾಗಿತ್ತು. ಮನೆ ನಡೆಸುತ್ತಿದ್ದವಳು ನನಗಿಂತ ಎರಡು ವರ್ಷ ದೊಡ್ಡವಳಾದ ಸರೋಜಕ್ಕ. ಎಸ್ಸೆಸ್ಸೆಲ್ಸಿಯಲ್ಲಿ ಅವಳಿಗೆ ನನಗಿಂತ ಹೆಚ್ಚು ಮಾರ್ಕು ಬಂದಿತ್ತು. ಆ ಮಾರ್ಕು ಕಾರ್ಡು ಟ್ರಂಕಿನಲ್ಲಿತ್ತು, ಅವಳು ಒಲೆಯ ಮುಂದಿದ್ದಳು.

ಅನುಮಾನ ಪಡುವುದನ್ನು ನಾನು ಮೈಸೂರಿನಲ್ಲಿ ಕಲಿತು ಬಂದಿದ್ದೆ. ಊರಿಗೆ ಬಂದ ಹೊಸದರಲ್ಲಿ, "ಈ ಬೆಂಚು ನಿಜವಾಗ್ಲೂ ಇದೆ ಅಂತ ಹೇಗೆ ಹೇಳ್ತೀರಿ?" ಎಂದು ಅಪ್ಪನನ್ನು ಕೇಳಿದ್ದೆ. ಅವರು ರೈಲಿಗೆ ಹೊರಟಿದ್ದರು. "ಕೂತು ನೋಡು. ಬಿದ್ರೆ ಇಲ್ಲ" ಎಂದು ಛತ್ರಿ ತೆಗೆದುಕೊಂಡು ಹೋದರು. ಒಳಗಿನಿಂದ ಸರೋಜಕ್ಕನ ನಗು ಕೇಳಿಸಿತು. "ಇದನ್ನ ಕಲಿಯೋಕೆ ಎರಡು ವರ್ಷ ಹಾಸ್ಟೆಲ್ಲಲ್ಲಿ ಉಂಡ್ಯೇನೋ?"

ಆ ಕಾಲದಲ್ಲಿ ಹಳ್ಳಿಗಳಿಗೆ ಪ್ರಚಾರದ ವ್ಯಾನು ಬರುತ್ತಿತ್ತು. ಗೊಬ್ಬರ, ಸಿಡುಬು, ಚಿಕ್ಕ ಸಂಸಾರ, ಹೀಗೆ ಏನಾದರೊಂದರ ಮೇಲೆ ಸಣ್ಣ ಸಿನಿಮಾ ತೋರಿಸಿ ಹೋಗುವುದು. ಆ ಸಲ ಯಲಿಯೂರಿಗೆ ಬಂದದ್ದು ಬೇರೆ ಥರದ್ದು. ಯಾವುದೋ ಪರದೇಶದ ಚಿತ್ರ, ಹನ್ನೆರಡು ನಿಮಿಷದ್ದು. ಸಿಗರೇಟು ಸೇದುವವರನ್ನೂ ಕಂಡದ್ದೆಲ್ಲ ಕೊಳ್ಳುವವರನ್ನೂ ಗೇಲಿ ಮಾಡುವಂಥದ್ದು. ಅದನ್ನು ಯಲಿಯೂರಿನಲ್ಲಿ ತೋರಿಸಬೇಕೆಂದು ಯಾರಿಗೆ, ಯಾಕೆ ಅನ್ನಿಸಿತೋ ನನಗೆ ಇವತ್ತಿಗೂ ತಿಳಿದಿಲ್ಲ. ಡಬ್ಬಿ ಅದಲುಬದಲಾಗಿರಬೇಕು ಎಂಬುದು ನನ್ನ ಗುಮಾನಿ. ಮಾತೆಲ್ಲ ಇಂಗ್ಲಿಷಿನಲ್ಲಿ. ಪಕ್ಕದಲ್ಲಿ ನಿಂತು ಯಾರಾದರೂ ಕನ್ನಡದಲ್ಲಿ ವಿವರಿಸಬೇಕಿತ್ತು. ದಿನ ಗೊತ್ತುಮಾಡಲು ಬಂದಿದ್ದ ವ್ಯಾನಿನ ಆಪರೇಟರಿಗೆ ಅಪ್ಪ, "ನಮ್ಮ ಹುಡುಗ ಎಂ.ಎ. ಮಾಡಿದ್ದಾನೆ, ಸುಮ್ನೆ ಇದ್ದಾನೆ" ಎಂದರಂತೆ.

ಆಪರೇಟರು ಅಪ್ಪನ ಕೈಯಲ್ಲಿ ಒಂದು ಟೈಪು ಮಾಡಿದ ಹಾಳೆ ಕಳಿಸಿದ. ಸಿನಿಮಾದ ಸಾರಾಂಶ, ಒಂದೇ ಪುಟ. ಅದರಿಂದ ನಾನು ಎಂಟು ಪುಟ ಬರೆದೆ. ಮೂರು ದಿನ ಅಡಿಗೆಮನೆಯಲ್ಲಿ ನಿಂತು ಕೈ ಬೀಸಿ ಓದಿದೆ. ಎದುರಿಗಿದ್ದ ಶ್ರೋತೃ ಸರೋಜಕ್ಕ, ಅವರೆಕಾಯಿ ಸುಲಿಯುತ್ತಾ.

ಕಥೆ ಇಷ್ಟು. ಒಬ್ಬ ಸಣಕಲ ಮನುಷ್ಯ, ಖಾಲಿ ಕೋಣೆ. ಪೇಪರಿನಲ್ಲಿ ಸಿಗರೇಟಿನ ಜಾಹೀರಾತು ನೋಡಿ ಒಂದು ಪ್ಯಾಕು ಕೊಳ್ಳುತ್ತಾನೆ. ಅಷ್ಟು ಒಳ್ಳೆಯ ಸಿಗರೇಟಿಗೆ ಬೆಂಕಿಕಡ್ಡಿಯೇ ಎನಿಸಿ ಲೈಟರು. ಲೈಟರು ಹಿಡಿದ ಕೈಗೆ ಹರಕು ತೋಳೇ ಎಂದು ಕೋಟು. ಕೋಟು ತೊಟ್ಟು ನೆಲದ ಮೇಲೆ ಕೂರುವುದೇ ಎಂದು ಸೋಫಾ. ಸೋಫಾದ ಕೆಳಗೆ ರತ್ನಗಂಬಳಿ, ಮೂಲೆಗೆ ದೊಡ್ಡ ರೇಡಿಯೊ, ಅದರ ಪಕ್ಕ ಫ್ರಿಜ್ಜು. ಕೊನೆಗೆ ಸಾಮಾನು ತುಂಬಿ ಕಾಲಿಡಲು ಜಾಗವಿಲ್ಲ, ಹೊಗೆ ತುಂಬಿ ಉಸಿರಿಗೆ ಗಾಳಿಯಿಲ್ಲ. ಆಸ್ಪತ್ರೆಯ ಮಂಚದ ಮೇಲೆ ಕೆಮ್ಮುತ್ತಾ ಮಲಗಿದವನ ಕೈಯಲ್ಲಿ ಲೈಟರು. ಪಕ್ಕದ ಮಂಚದ ಸಣಕಲ ರೋಗಿ ಅದನ್ನು ಆಸೆಯಿಂದ ನೋಡುತ್ತಾನೆ. ಮುಗಿಯಿತು.

"ಸೋಫಾ ಅಂದ್ಯಲ್ಲ," ಎಂದಳು ಸರೋಜಕ್ಕ, "ಎಷ್ಟು ಜನ ಕೂರಬಹುದು ಅದರಲ್ಲಿ?"

"ಅದು ಮುಖ್ಯ ಅಲ್ಲ ಅಕ್ಕ. ಅದೊಂದು ಸಂಕೇತ."

"ಸಂಕೇತದ ಮೇಲೆ ಎಷ್ಟು ಜನ ಕೂರಬಹುದು?"

ಪ್ರದರ್ಶನ ಮಧ್ಯಾಹ್ನ ಇತ್ತು. ಸ್ಕೂಲಿನ ಹಾಲಿನ ಕಿಟಕಿಗಳಿಗೆ ಕಂಬಳಿ ಕಟ್ಟಿ ಕತ್ತಲು ಮಾಡಿದ್ದರು. ಕಂಬಳಿಯ ವಾಸನೆ, ಬೆವರಿನ ವಾಸನೆ, ಹಿಂದೆ ಪ್ರೊಜೆಕ್ಟರಿನ ಕಟಕಟ. ಮುಂದಿನ ಬೆಂಚಿನಲ್ಲಿ ಊರಿನ ಹಿರಿಯರು. ಅವರ ನಡುವೆ ಮಳವಳ್ಳಿಯ ಚಿಕ್ಕಬೋರೇಗೌಡರು. ಅವರ ಮಗಳನ್ನು ಯಲಿಯೂರಿಗೆ ಕೊಟ್ಟಿದ್ದರು, ನೋಡಿಹೋಗಲು ಬಂದಿದ್ದರು. ಅವರ ಎರಡನೆಯ ಮಗ ಶಿವರಾಮುವಿಗೆ ನಮ್ಮ ಸರೋಜಕ್ಕನನ್ನು ತರುವ ಮಾತು ಆಗತಾನೆ ಶುರುವಾಗಿದ್ದರಿಂದ ನನಗೆ ಅವರ ಮೇಲೆ ಒಂದು ಕಣ್ಣಿತ್ತು. ಹೆಂಗಸರು ಹಿಂದಿನ ಗೋಡೆಗೆ ಒರಗಿ ಕೂತಿದ್ದರು. ಅಪ್ಪನ ಊಟದ ಕ್ಯಾರಿಯರ್ ಹಿಡಿದುಕೊಂಡು ಸರೋಜಕ್ಕನೂ ಬಂದಿದ್ದಳು.

ನಾನು ಪರದೆಯ ಪಕ್ಕ ನಿಂತು, ಟಾರ್ಚಿನ ಬೆಳಕಿನಲ್ಲಿ ನನ್ನ ಎಂಟು ಪುಟ ಓದಿದೆ. ಹಾಳೆಯಲ್ಲಿ ಮಾತಿಲ್ಲದ ಕಡೆ ಚೊಂಬಿನ ನೀರು ಕುಡಿದೆ. ವ್ಯಂಗ್ಯವನ್ನು ಉಣಬಡಿಸುತ್ತಿದ್ದೇನೆಂಬ ಹೆಮ್ಮೆ. "ನೋಡಿ ಮಹನೀಯರೇ! ಒಂದೇ ಒಂದು ಸಿಗರೇಟು ಸೇದಿದ ಮಾತ್ರಕ್ಕೆ ಈತನಿಗೆ ಎಂಥ ಲೈಟರು ದೊರೆಯಿತು! ಆಹಾ, ಏನು ಭಾಗ್ಯ! ಇಗೋ, ಕೋಟೂ ಬಂತು!" ಜನ ನಗುತ್ತಾರೆಂದು ಪ್ರತಿ ಸಲ ಒಂದು ಗಳಿಗೆ ನಿಲ್ಲಿಸಿದೆ. ಯಾರೂ ನಗಲಿಲ್ಲ. ಅಬ್ಬಬ್ಬಾ ಎಂದರು. ಸೋಫಾ ಬಂದಾಗ ಹಿಂದಿನಿಂದ ಒಬ್ಬ ಶಿಳ್ಳೆ ಹೊಡೆದ. ಫ್ರಿಜ್ಜಿನ ಬಾಗಿಲು ತೆರೆದು ಒಳಗೆ ದೀಪ ಹತ್ತಿದಾಗ ಮುಂದಿನ ಬೆಂಚಿನ ಹಿರಿಯರೊಬ್ಬರು ಕೈ ಜೋಡಿಸಿದರು ಎಂದು ನನಗೆ ನೆನಪು. ಇದು ಆಮೇಲೆ ನಾನು ಸೇರಿಸಿದ್ದೂ ಇರಬಹುದು. ಆ ಸೋಫಾ ಕೆಂಪಗಿತ್ತು ಎಂದೂ ನೆನಪಿದೆ. ಚಿತ್ರ ಕಪ್ಪು ಬಿಳುಪಿನದು.

ಕಂಬಳಿ ಬಿಚ್ಚಿ ಬೆಳಕಾದ ಮೇಲೆ ಒಬ್ಬ ರೈತ ಎದ್ದು ಕೇಳಿದ: "ಆ ಸಿಗ್ರೇಟು ಮಂಡ್ಯದಲ್ಲಿ ಸಿಕ್ತದಾ ಸಾಮಿ?"

ಚಿಕ್ಕಬೋರೇಗೌಡರು ನನ್ನ ಬೆನ್ನು ತಟ್ಟಿ, "ಸ್ಯಾನೆ ಚೆನ್ನಾಗಿತ್ತು ಕಣಪ್ಪ. ಪಾಪ, ಒಳ್ಳೇ ಸ್ಥಿತಿಗೆ ಬಂದ" ಎಂದು ಹೋದರು.

ಹದಿನೈದು ದಿನ ಕಳೆದಿರಬೇಕು. ನಿಡಘಟ್ಟದ ಕೆಂಪಣ್ಣ ಬಂದ. ಸುತ್ತಮುತ್ತಲಿನ ಗಂಡು ಹೆಣ್ಣುಗಳ ಮಾತುಕತೆಯೆಲ್ಲ ಅವನ ಮೂಲಕವೇ ನಡೆಯುತ್ತಿತ್ತು. ಬಾಯಿ ತುಂಬ ಎಲೆ ಅಡಿಕೆ. ಒಳ್ಳೆಯ ಸುದ್ದಿಯಾದರೆ ಉಗುಳಿ ಬಂದು ಹೇಳುವನು, ಕೆಟ್ಟದಾದರೆ ಅಗಿಯುತ್ತಲೇ ಹೇಳುವನು. ಅವತ್ತು ಅಗಿಯುತ್ತಲೇ ಇದ್ದ.

"ಎಣ್ಣು ಒಪ್ಪವ್ರೆ ಮೇಷ್ಟ್ರೆ. ಅದ್ರಲ್ಲಿ ಎಲ್ಡು ಮಾತಿಲ್ಲ. ಆದ್ರೆ ವರೋಪಚಾರ ಅಂತ ಒಂಚೂರು..."

"ಏನು ಕೇಳ್ತಾರೆ?" ಎಂದರು ಅಪ್ಪ.

ಕೆಂಪಣ್ಣ ಬೆರಳು ಮಡಿಸತೊಡಗಿದ. ಪಾಠ ಒಪ್ಪಿಸುವ ಹುಡುಗನ ಹಾಗೆ ಕಣ್ಣು ಮೇಲೆ ಮಾಡಿ, "ಒಂದು ಲೈಟ್ರು. ಒಂದು ಕೋಟು. ಒಂದು ಸೋಫಾ. ಅದ್ರ ಕೆಳೀಕೆ ಆಸೋಕೆ ರತ್ನಗಂಬ್ಳಿ. ಒಂದು ರೇಡಿಯಾ, ದೊಡ್ದು..." ಎಂದು ತಡೆದು, "ಪ್ರಿಜ್ಜು ಬ್ಯಾಡ ಅಂದವ್ರೆ. ಅಲ್ಲಿ ಕರೆಂಟು ನಿಲ್ಲಕಿಲ್ಲ" ಎಂದು ಮುಗಿಸಿದ.

ಕೈಗಡಿಯಾರ, ಉಂಗುರ, ಸೈಕಲ್ಲು ಎಂದಿದ್ದರೆ ಯಾರಿಗೂ ಆಶ್ಚರ್ಯವಾಗುತ್ತಿರಲಿಲ್ಲ. ಅದು ಎಲ್ಲರೂ ಕೇಳುತ್ತಿದ್ದದ್ದು. ಆದರೆ ಲೈಟರಿನಿಂದ ಶುರುವಾಗುವ ವರೋಪಚಾರ ಯಾವ ಲೋಕದ್ದು? ಅದು ನನ್ನ ಎಂಟು ಪುಟ. ಸಾಮಾನು ಅದೇ, ಕ್ರಮವೂ ಅದೇ. ಮುಂದಿನ ಬೆಂಚಿನಲ್ಲಿ ಕೂತು ಗೌಡರು ಸಿನಿಮಾ ನೋಡಿರಲಿಲ್ಲ, ಪಟ್ಟಿ ಬರೆದುಕೊಂಡಿದ್ದರು. ನನ್ನ ಬಾಯಿಂದ ಹೊರಟ ಸೋಫಾ ಮಳವಳ್ಳಿಗೆ ಹೋಗಿ, ತಿರುಗಿ ನಮ್ಮ ಜಗಲಿಗೆ ಬಂದಿತ್ತು.

ಅಪ್ಪ ಛತ್ರಿಯನ್ನು ಗೋಡೆಗೆ ಒರಗಿಸಿಟ್ಟರು. ಆಮೇಲೆ, "ನಾಲೆ ಬದಿ ಗದ್ದೆ ಒಂದಿದೆ. ನೋಡ್ತೀನಿ" ಎಂದರು. ಸರೋಜಕ್ಕ ಕಾಫಿ ತಂದಿಟ್ಟಳು. ಅವಳ ಕಣ್ಣಲ್ಲಿ ನೀರಿತ್ತು ಎಂದು ಕಥೆ ಹೇಳುವಾಗ ಸೇರಿಸುತ್ತೇನೆ. ಒಲೆಯ ಹೊಗೆಯೂ ಇರಬಹುದು.

ಗದ್ದೆಯ ಮಾತು ಕೇಳಿದ ಮೇಲೆ ನನಗೆ ನಿಂತಲ್ಲಿ ನಿಲ್ಲಲಾಗಲಿಲ್ಲ. ಮಳವಳ್ಳಿಗೆ ಹೋಗಿ ಆ ಸಿನಿಮಾದ ಅರ್ಥ ಬಿಡಿಸಿ ಹೇಳುವುದು ನನ್ನ ಕರ್ತವ್ಯ ಎಂದು ತೀರ್ಮಾನಿಸಿದೆ. ಸರೋಜಕ್ಕ ತಡೆದಳು. "ನೀನ್ಯಾಕೋ ಹೋಗ್ತೀಯ? ಅದೆಲ್ಲ ಕೆಂಪಣ್ಣ ಮಾತಾಡ್ತಾನೆ, ದೊಡ್ಡೋರು ದೊಡ್ಡೋರು ಏನೋ ಮಾಡ್ಕೋತಾರೆ. ಬುಡು."

"ಇದು ತತ್ವದ ಪ್ರಶ್ನೆ ಅಕ್ಕ."

"ನಿನ್ನ ತತ್ವ ಮನೇಲೇ ಇರ್ಲಿ ಕಣೋ."

ತವರಿನ ಮಾನಕ್ಕಾಗಿ ಎಲ್ಲವನ್ನೂ ನುಂಗಿಕೊಳ್ಳುತ್ತಿದ್ದಾಳೆ ಎಂದು ನನಗೆ ಮರುಕವಾಯಿತು. ಮಾರನೆಯ ದಿನವೇ ಹೊರಟೆ. ನೇರ ಬಸ್ಸು ಹತ್ತಬಹುದಿತ್ತು. ನಾನು ಮೊದಲು ಶಿವಪುರದವರೆಗೆ ನಡೆದುಹೋಗಿ, ಹಿಂದೆ ಬಾವುಟ ಹಾರಿಸಿ ಸತ್ಯಾಗ್ರಹ ನಡೆಸಿದ ಜಾಗದಲ್ಲಿ ಒಂದು ಕ್ಷಣ ನಿಂತು, ಆಮೇಲೆ ತಿರುಗಿ ಬಂದು ಮಳವಳ್ಳಿ ಬಸ್ಸು ಹಿಡಿದೆ. ಆ ವಯಸ್ಸಿನಲ್ಲಿ ಇಂಥದ್ದೆಲ್ಲ ಆಗುತ್ತದೆ. ಕ್ಷಮಿಸಿ.

ಇಲ್ಲಿ ನಮ್ಮ ಕಡೆಯ ಒಂದು ರೂಢಿ ಹೇಳದಿದ್ದರೆ ಮುಂದಿನದು ತಿಳಿಯುವುದಿಲ್ಲ. ಆಗೆಲ್ಲ ಮದುವೆಯ ಮಾತಿರಲಿ, ಬೀಗರ ಊಟವಿರಲಿ, ಕೊನೆಗೆ ಒಂದು ತಟ್ಟೆ ಬರುತ್ತಿತ್ತು. ವೀಳ್ಯದೆಲೆ, ಅಡಿಕೆ, ಅದರ ಪಕ್ಕದಲ್ಲಿ ಪ್ಯಾಕು ಒಡೆದು ಬೀಸಣಿಗೆಯ ಹಾಗೆ ಜೋಡಿಸಿದ ಸಿಗರೇಟು, ಒಂದು ಬೆಂಕಿಪೊಟ್ಟಣ. ಸೇದುವವರು ಸೇದುವರು, ಸೇದದವರೂ ಒಂದನ್ನು ತೆಗೆದು ಕಿವಿಯ ಮೇಲೆ ಸಿಕ್ಕಿಸಿಕೊಳ್ಳುವರು. ತಟ್ಟೆಯಿಂದ ಏನೂ ತೆಗೆಯದವನ ಮನಸ್ಸಿನಲ್ಲಿ ಏನೋ ಉಳಿದಿದೆ ಎಂದೇ ಅರ್ಥ.

ಚಿಕ್ಕಬೋರೇಗೌಡರು ಜಗಲಿಯ ಮೇಲೆ ನಾಲ್ಕಾರು ಗಂಡಸರ ನಡುವೆ ಕೂತಿದ್ದರು. "ಓಹೋ, ಸಿನಿಮಾದೋನು ಬಂದ! ಬಾಪ್ಪ, ಕುಂತ್ಕೊ. ಉಂಡ್ಯಾ?" ಎಂದರು. ಮದುವೆಯ ಗಂಡು ಶಿವರಾಮು, ಸೊಸೈಟಿಯಲ್ಲಿ ಗುಮಾಸ್ತ, ಕಂಬಕ್ಕೆ ಒರಗಿ ನಿಂತಿದ್ದ.

ನಾನು ಪೀಠಿಕೆಯಿಲ್ಲದೆ ಹೇಳಿದೆ: "ಗೌಡ್ರೇ, ಅವತ್ತು ನೋಡಿದ್ರಲ್ಲ, ಆ ಸಿನಿಮಾ. ಅದು ಗೇಲಿ."

"ಯಾರ್ನ ಗೇಲಿ ಮಾಡುದ್ದು?"

"ಆ ಮನುಷ್ಯನನ್ನ. ಒಂದು ಸಿಗರೇಟು ಸೇದೋಕೆ ಹೋಗಿ, ಕಂಡದ್ದೆಲ್ಲ ಕೊಂಡು ಹಾಳಾದನಲ್ಲ, ಅವನನ್ನ."

"ಆಳಾದ್ನಾ?" ಗೌಡರಿಗೆ ನಿಜವಾಗಿ ಆಶ್ಚರ್ಯವಾದಂತಿತ್ತು. "ಎಲ್ಲಾ ಬಂತಲ್ಲಪ್ಪ ಅವ್ನ ಮನೀಗೆ. ಆ ಬೆಂಕಿ ಪೆಟ್ಗೆ ಬಂತು, ಕೋಟು ಬಂತು, ಮೆತ್ತೆ ಕುರ್ಚಿ ಬಂತು, ಕೆಳೀಕೆ ಜಮಕಾನ ಬಂತು, ರೇಡಿಯಾ ಬಂತು, ತಣ್ಣಗಿಡೋ ಬೀರು ಬಂತು."

ಒಂದೂ ತಪ್ಪಿಲ್ಲದೆ, ಅದೇ ಕ್ರಮದಲ್ಲಿ. ಸಿಕ್ಕಿಬಿದ್ದರು ಎಂದುಕೊಂಡೆ.

"ಕೊನೆಗೆ ಆಸ್ಪತ್ರೆ ಸೇರ್ತಾನಲ್ಲ?"

"ಎಲ್ರೂ ಸೇರ್ತಾರೆ ಕಣ್ಲಾ. ನಮ್ಮಪ್ಪ ಜಲ್ಮದಲ್ಲಿ ಒಂದು ಬೀಡಿ ಮುಟ್ನಿಲ್ಲ. ದನಿನ ಕೊಟ್ಗೆ ಪಕ್ಕ ಕೆಮ್ಮಿ ಕೆಮ್ಮಿ ಸತ್ತ. ಇವ್ನು ಮಂಚದ್ ಮೇಲೆ, ಪ್ಯಾನ್ ಕೆಳ್ಗೆ, ಪಕ್ದಲ್ಲಿ ಒಬ್ಳು ನರ್ಸಮ್ಮ. ಯಾವ್ದು ವಾಸಿ, ನೀನೇ ಯೋಳು."

ಜಗಲಿಯವರೆಲ್ಲ ನನ್ನ ಉತ್ತರಕ್ಕೆ ಕಾದರು. ಮೈಸೂರಿನಲ್ಲಿ ನನಗೆ ಕಲಿಸಿದ ಯಾವ ವಾದವೂ ಕೊಟ್ಟಿಗೆಯ ಪಕ್ಕ ನಿಲ್ಲುವಂಥದ್ದಾಗಿರಲಿಲ್ಲ. ನಾನು ಮಾತು ಬದಲಾಯಿಸಿದೆ.

"ಅದಕ್ಕೇ ಏನು, ಅದನ್ನೆಲ್ಲ ನಮ್ಮಪ್ಪನ್ನ ಕೇಳಿದ್ದು?"

"ಏನ್ನ?"

"ಲೈಟರು, ಕೋಟು, ಸೋಫಾ..."

"ನಾವ್ ಯಾವಾಗಪ್ಪ ಕೇಳುದ್ದು?" ಗೌಡರು ಮಗನ ಕಡೆ ತಿರುಗಿದರು. "ಏನ್ಲಾ, ನೀನೇನಾರ ಯೋಳಿ ಕಳ್ಸುದ್ಯಾ?"

ಶಿವರಾಮು ಕಂಬ ಬಿಟ್ಟು ನೆಟ್ಟಗೆ ನಿಂತ. "ಇಲ್ಲ ಕಣಪ್ಪ. ನಾ ಒಂದು ವಾಚು ಕೇಳನ ಅಂತಿದ್ದೆ. ಅದ್ನೂ ಇನ್ನೂ ಕೇಳಿಲ್ಲ."

ಏನು ಅಭಿನಯ! ಅಪ್ಪನೂ ಮಗನೂ ಸೇರಿ ಎಷ್ಟು ಚೆನ್ನಾಗಿ ಆಡುತ್ತಿದ್ದಾರೆ! ಮುಖ ಎಷ್ಟು ಮುಗ್ಧವಾಗಿದೆಯೋ ಒಳಗೆ ಅಷ್ಟು ಮರೆಸಿದ್ದಾರೆ ಎಂದೇ ನನ್ನ ವಿದ್ಯೆ ನನಗೆ ಹೇಳಿತು. ನಾನು ಅರ್ಧ ಗಂಟೆ ಮಾತಾಡಿದೆ. ಸಿಗರೇಟಿನಿಂದ ಶುರುಮಾಡಿ, ಆಸೆಗೆ ಕೊನೆಯಿಲ್ಲದ್ದು, ಮನುಷ್ಯ ವಸ್ತುವಿನ ಆಳಾಗುವುದು, ಹೆಣ್ಣು ಹೆತ್ತವರನ್ನು ಹಿಂಡುವುದು, ಎಲ್ಲವನ್ನೂ ಹೇಳಿದೆ. ಗೌಡರು ಆ ಸಿನಿಮಾವನ್ನು ನೋಡಿದಷ್ಟೇ ಗಮನದಿಂದ ನನ್ನನ್ನು ನೋಡಿದರು.

"ಆಯ್ತು ಬುಡು," ಎಂದರು ಕೊನೆಗೆ. "ಕೇಳ್ದೆ ಇರಾದ್ನ ಬ್ಯಾಡ ಅನ್ನಾಕೆ ನಂಗೇನು ಕಷ್ಟ? ಸೋಫಾ ಬ್ಯಾಡ, ಕೋಟು ಬ್ಯಾಡ, ಏನೂ ಬ್ಯಾಡ. ಎಣ್ಣು ಕೊಡಿ, ಸಾಕು. ನಿಮ್ಮಪ್ಪುಂಗೆ ಯೋಳೋಗು."

ಶಿವರಾಮು ಖಾಲಿ ಮಣಿಕಟ್ಟನ್ನೊಮ್ಮೆ ನೋಡಿಕೊಂಡ.

ಒಳಗಿನಿಂದ ಬಳೆಯ ಕೈಯೊಂದು ಬಾಗಿಲ ಮರೆಯಿಂದಲೇ ತಟ್ಟೆ ಚಾಚಿತು. ಗೌಡರು ಅದನ್ನು ನನ್ನ ಮುಂದೆ ಹಿಡಿದರು.

"ನಾನು ಸೇದಲ್ಲ ಗೌಡ್ರೇ."

"ಅಂಗಾರೆ ಮಾತು ಇನ್ನೂ ಮುಗ್ದಿಲ್ಲ ಅನ್ನು."

ಅರ್ಧ ಗಂಟೆ ಸಿಗರೇಟಿನ ವಿರುದ್ಧ ಮಾತಾಡಿ ಗೆದ್ದವನು, ಗೆದ್ದದ್ದನ್ನು ಉಳಿಸಿಕೊಳ್ಳಲು ಒಂದು ಸಿಗರೇಟು ಎತ್ತಿಕೊಂಡೆ. ಕಿವಿಗೆ ಸಿಕ್ಕಿಸಿಕೊಳ್ಳುವುದು ತೋಚಲಿಲ್ಲ. ಓದಿದವನು, ತುಟಿಗೇ ಇಟ್ಟೆ. ಗೌಡರು ಕಡ್ಡಿ ಗೀರಿದರು. ಕೆಮ್ಮಿ ಕಣ್ಣಲ್ಲಿ ನೀರು ಬಂತು. "ಒಸದ್ರಲ್ಲಿ ಅಂಗೇಯ," ಎಂದು ಯಾರೋ ಸಮಾಧಾನ ಹೇಳಿದರು. ಬಸ್ಸಿಗೆ ಕಾಯುವಾಗ ಇನ್ನೊಂದು ಸೇದಿದೆ, ಅದನ್ನು ಯಾರೂ ಬಲವಂತ ಮಾಡಿರಲಿಲ್ಲ. ಆಮೇಲೆ ಹದಿನೆಂಟು ವರ್ಷ ಸೇದಿದೆ.

ಮನೆಗೆ ಬಂದಾಗ ಸರೋಜಕ್ಕ ಬಾಗಿಲಲ್ಲೇ ಮೂಗು ಮುಚ್ಚಿಕೊಂಡಳು. "ಸೇದಿದ್ದೀಯಾ?"

"ಗೆದ್ದು ಬಂದಿದ್ದೀನಿ ಅಕ್ಕ. ಏನೂ ಬೇಡ ಅಂದ್ರು. ಸೋಫಾನೂ ಬೇಡ, ಏನೂ ಬೇಡ."

ಅವಳು ನನ್ನನ್ನು ಸ್ವಲ್ಪ ಹೊತ್ತು ನೋಡಿ, ಮಾತಾಡದೆ ಒಳಗೆ ಹೋದಳು. ಕೃತಜ್ಞತೆಗೆ ಮಾತು ಸಿಗುತ್ತಿಲ್ಲ ಎಂದುಕೊಂಡೆ. ಮಾರನೆಯ ದಿನ ಬಂದ ಕೆಂಪಣ್ಣ, "ದೊಡ್ ಕೆಲ್ಸ ಮಾಡ್ದೆ ಕಣಪ್ಪ" ಎಂದು ನನ್ನ ಮುಖ ನೋಡದೆ, ಕಾಫಿಯನ್ನೂ ಕುಡಿಯದೆ ಹೋದ. ಅವನ ಕಮಿಷನ್ನಿಗೆ ಕಲ್ಲು ಬಿತ್ತೆಂಬ ಸಿಟ್ಟು ಎಂದು ಅದರ ಅರ್ಥವನ್ನೂ ನಾನೇ ಬಿಡಿಸಿಕೊಂಡೆ.

ಮದುವೆ ಸರಳವಾಗಿ ಆಯಿತು. ಅಪ್ಪ ತಾವಾಗಿಯೇ ಶಿವರಾಮು ಭಾವನಿಗೆ ಒಂದು ವಾಚು ಕಟ್ಟಿದರು. ಭಾವ ಒಳ್ಳೆಯವನು, ಈಗಲೂ ಒಳ್ಳೆಯವನೇ. ಗದ್ದೆ ಉಳಿಯಿತು. ಒಂದು ಸಿನಿಮಾದ ಅರ್ಥ ಬಿಡಿಸಿ ಹೇಳಿ ಅಕ್ಕನ ಮದುವೆಯನ್ನೂ ಅಪ್ಪನ ಗದ್ದೆಯನ್ನೂ ಉಳಿಸಿದವನು ನಾನು ಎಂಬ ಈ ಕಥೆಯನ್ನು ನಾನು ಎಷ್ಟು ಜನರಿಗೆ ಹೇಳಿದ್ದೇನೋ. ಗದ್ದೆ ಆಮೇಲೆ ನನ್ನ ಪಾಲಿಗೇ ಬಂತು ಎಂಬುದನ್ನು ಮಾತ್ರ ಕಥೆಯಲ್ಲಿ ಹೇಳುವುದಿಲ್ಲ. ಅದಕ್ಕೂ ಇದಕ್ಕೂ ಸಂಬಂಧವಿಲ್ಲ ಎಂದು ಬಹಳ ಕಾಲ ನಂಬಿದ್ದೆ.

ಹೋದ ತಿಂಗಳು ಸರೋಜಕ್ಕ ಕಣ್ಣು ತೋರಿಸಿಕೊಳ್ಳಲು ಮಂಡ್ಯಕ್ಕೆ ಬಂದು, ಈಗ ಅಲ್ಲೇ ಇರುವ ನಮ್ಮ ಮನೆಯಲ್ಲಿ ಎರಡು ದಿನ ಇದ್ದಳು. ನನ್ನ ಸೊಸೆಯ ತವರಿನವರು ಬಂದಿದ್ದರು. ಊಟದ ಮೇಲೆ ಕಥೆ ಹೇಳಿದೆ, ಹಿರಿಯರು ಫ್ರಿಜ್ಜಿಗೆ ಕೈ ಜೋಡಿಸಿದ್ದನ್ನೂ ಸೇರಿಸಿ. ಅವರು ಹೊಟ್ಟೆ ಹಿಡಿದುಕೊಂಡು ನಕ್ಕು, ಹೊರಟುಹೋದರು. ಸರೋಜಕ್ಕ ಸೆರಗಿನಲ್ಲಿ ಕನ್ನಡಕ ಒರೆಸುತ್ತಾ ಕೂತಿದ್ದಳು.

"ಚೆನ್ನಾಗಿ ಹೇಳ್ತೀಯೋ," ಎಂದಳು.

"ಎಲ್ಲ ನಿಜಾನೇ ಅಲ್ವಾ?"

"ಹ್ಞೂಂ. ಸೋಫಾ ಕೇಳಿದ್ದು ಅವರಲ್ಲ, ಅಷ್ಟೇ."

"ಮತ್ತೆ?"

"ನಾನು."

ನಾನು ನಕ್ಕೆ. ಅವಳು ನಗಲಿಲ್ಲ. ಕನ್ನಡಕ ಹಾಕಿಕೊಂಡು ನಿಧಾನವಾಗಿ ಹೇಳಿದಳು. "ಕೆಂಪಣ್ಣನಿಗೆ ಹಿತ್ತಿಲಲ್ಲಿ ಕೂರಿಸಿ ಎರಡು ದಿನ ಹೇಳಿಕೊಟ್ಟೆ. ಗಂಡಿನ ಕಡೆಯವರು ಕೇಳಿದ್ರು ಅನ್ನು ಅಂತ. ಪಾಪ, ಅವನಿಗೆ ರತ್ನಗಂಬಳಿ ಬಾಯಿಗೆ ಬರ್ತಿರಲಿಲ್ಲ."

"ಅಪ್ಪನ್ನ ನೀನೇ ಕೇಳಬಹುದಿತ್ತಲ್ಲ?"

"ಮಗಳು ಕೇಳಿದ್ರೆ ಯಾರು ಕೊಡ್ತಿದ್ರೋ? ಬೀಗರು ಕೇಳಿದ್ರೆ ಕೊಡ್ತಿದ್ರು. ನನಗೆ ಬೇಕಾಗಿದ್ದು ಸೋಫಾ ಒಂದೇ. ಅದೊಂದೇ ಅಂದ್ರೆ ಗುಮಾನಿ ಬರುತ್ತೆ ಅಂತ ನಿನ್ನ ಸಿನಿಮಾದ್ದೆಲ್ಲ ಸೇರಿಸಿದೆ. ಚೌಕಾಸಿ ಮಾಡುವಾಗ ಕೋಟು, ರೇಡಿಯೊ ಎಲ್ಲ ಬಿಟ್ಟು ಸೋಫಾ ಉಳಿಸ್ಕೋತೀನಿ ಅಂದಿದ್ದ ಕೆಂಪಣ್ಣ. ಗದ್ದೆ ಮಾರೋವರೆಗೂ ಹೋಗ್ತಿರಲಿಲ್ಲ. ಅಷ್ಟರಲ್ಲಿ ನೀನು ಹೋಗಿ ಗೆದ್ದು ಬಂದೆ."

ತಮಾಷೆ ಮಾಡುತ್ತಿದ್ದಾಳೋ ಎಂದು ಅವಳ ಮುಖ ಹುಡುಕಿದೆ. ನಾನು ನಂಬದೆ ಬಿಟ್ಟಿದ್ದ ಗೌಡರ ಮುಖ ಹೀಗೇ ಇತ್ತು. ಕೆಂಪಣ್ಣ ಸತ್ತು ಯಾವುದೋ ಕಾಲವಾಯಿತು, ಯಾರನ್ನು ಕೇಳುವುದು?

"ಅಷ್ಟಕ್ಕೂ ಸೋಫಾ ಯಾಕೆ ಬೇಕಾಗಿತ್ತು ನಿನಗೆ?"

"ಕೂರೋಕೆ," ಎಂದಳು. "ಆ ಮನೇಲಿ ಜಗಲಿ ತುಂಬ ಗಂಡಸರು. ಮಾವ ಇದ್ದಷ್ಟು ದಿನ ನಾನು ಬಾಗಿಲ ಹಿಂದೆ ನಿಂತೇ ಮಾತಾಡಿದ್ದು. ತವರಿಂದ ತಂದದ್ದು ಅಂತ ಒಂದಿದ್ರೆ, ಅದರ ಮೇಲೆ ಕೂತಾಗ ಯಾರೂ ಏಳು ಅನ್ನೋ ಹಾಗಿಲ್ಲ ನೋಡು. ಆ ಹೆಂಗಸು ಹೇಗೆ ಕೂತಿದ್ಲು, ಕಾಲ ಮೇಲೆ ಕಾಲು ಹಾಕ್ಕೊಂಡು, ಗಂಡ ಅಷ್ಟು ಕೆಮ್ತಿದ್ರೂ."

"ಯಾವ ಹೆಂಗಸು?"

"ಸಿನಿಮಾದಲ್ಲಿ. ಅವನ ಹೆಂಡ್ತಿ."

"ಅದರಲ್ಲಿ ಹೆಂಗಸೇ ಇರಲಿಲ್ಲವಲ್ಲ ಅಕ್ಕ."

ಎಂಟು ಪುಟವನ್ನೂ ನಾನೇ ಬರೆದಿದ್ದೆ, ನಾನೇ ಓದಿದ್ದೆ. ಇವತ್ತಿಗೂ ಬಾಯಿಪಾಠ ಹೇಳಬಲ್ಲೆ. ಅದರಲ್ಲೆಲ್ಲೂ ಹೆಂಗಸಿಲ್ಲ.

"ಇದ್ಲು ಕಣೋ," ಎಂದಳು ಸರೋಜಕ್ಕ. "ಮೂರು ಸಲ ಬಂದ್ಲು. ಅವಳು ಬಂದಾಗಲೆಲ್ಲ ನೀನು ಓದೋದು ನಿಲ್ಲಿಸಿ, ಆ ಕಡೆ ತಿರುಗಿ ನೀರು ಕುಡೀತಿದ್ದೆ."